ಸೇಂಟ್ ಲೂಸಿಯಾ ದ್ವೀಪದ ಗ್ರಂಥಪಂಕ್ತಿ

ಬ್ರಿಟನ್ನಿನ ಅಥವಾ ಫ್ರಾನ್ಸಿನ ವಿಷಯವಾಗಿ ಹುಟ್ಟಿದ ಪುಸ್ತಕಗಳನ್ನೆಲ್ಲ ಓದಿ ಮುಗಿಸುವೆನೆಂದು ಸಂಕಲ್ಪ ಮಾಡುವ ಧೈರ್ಯ ಯಾರಿಗೂ ಬಾರದು. ಆದರೆ ಆ ಎರಡು ರಾಜ್ಯಗಳ ನಡುವೆ ಹದಿನಾಲ್ಕು ಬಾರಿ ಕೈ ಬದಲಾಯಿಸಿ, 1814ರ ಪ್ಯಾರಿಸ್ ಒಪ್ಪಂದದಿಂದ ಬ್ರಿಟಿಷರ ಪಾಲಿಗೆ ಉಳಿದು, 1979ರ ಫೆಬ್ರವರಿ 22ರಂದು ಸ್ವತಂತ್ರವಾದ ಸೇಂಟ್ ಲೂಸಿಯಾ ಎಂಬ ಕೆರಿಬಿಯನ್ ದ್ವೀಪದ ವಿಷಯದಲ್ಲಿ ಅಂಥ ಸಂಕಲ್ಪ ಅಸಾಧ್ಯವೇನಲ್ಲ. ಮಾರ್ಟಿನಿಕ್ಕಿಗೂ ಸೇಂಟ್ ವಿನ್ಸೆಂಟಿಗೂ ನಡುವೆ ಸುಮಾರು 617 ಚದರ ಕಿಲೋಮೀಟರು ವಿಸ್ತಾರವಾಗಿರುವ ಈ ನಾಡು ತನ್ನ ಗಾತ್ರಕ್ಕೆ ಮೀರಿದ ಸಾಹಿತ್ಯವನ್ನು ಪಡೆದಿದೆ. ಅರ್ಥಶಾಸ್ತ್ರಜ್ಞ ಆರ್ಥರ್ ಲೂಯಿಸ್, ಕವಿ ಡೆರೆಕ್ ವಾಲ್ಕಾಟ್ ಎಂಬ ಇಬ್ಬರು ನೊಬೆಲ್ ಪುರಸ್ಕೃತರು ಇಲ್ಲಿಯವರು. ಒಬ್ಬರು 1915ರಲ್ಲಿ, ಇನ್ನೊಬ್ಬರು 1930ರಲ್ಲಿ, ಇಬ್ಬರೂ ಜನವರಿ 23ರಂದೇ ಜನಿಸಿದವರು. ಈ ವಾರದ ಅಂಕಣವನ್ನು ಆ ದ್ವೀಪದ ಗ್ರಂಥಗಳಿಗೂ ಅದಕ್ಕೆ ಹೆಸರಿತ್ತ ರಕ್ತಸಾಕ್ಷಿಯ ಚರಿತ್ರೆಗೂ ಮೀಸಲಿಡುತ್ತೇನೆ. ಇವೆರಡನ್ನೂ ಒಂದೇ ಕಪಾಟಿನಲ್ಲಿಟ್ಟು ಒಟ್ಟಿಗೆ ಓದಬೇಕೆಂಬುದು ನನ್ನ ದೃಢವಾದ ಅಭಿಪ್ರಾಯ. ಏಕೆಂದರೆ ಎರಡು ಕಡೆಯಲ್ಲಿಯೂ ಮೂಲವಸ್ತುವಿನ ಮೇಲೆ ಅನ್ಯರ ಕೈಗಳು ಕಾಲಕಾಲಕ್ಕೆ ಏನೇನನ್ನೋ ಆರೋಪಿಸುತ್ತ ಬಂದಿವೆ, ಹಾಗೆ ಆರೋಪಿತವಾದುದೇ ಕಾಲಕ್ರಮದಲ್ಲಿ ಜನರ ಪ್ರೀತಿಯ ಸ್ವತ್ತಾಗಿ ನೆಲೆನಿಂತಿದೆ.

ನಾಮಕರಣದ ಕಥೆಯಿಂದಲೇ ಈ ಆರೋಪ ಆರಂಭವಾಗುತ್ತದೆ. ಕೊಲಂಬಸನು 1502ರ ಡಿಸೆಂಬರ್ 13ರಂದು, ಸಂತ ಲೂಸಿಯಾಳ ಹಬ್ಬದ ದಿನ, ಈ ದ್ವೀಪವನ್ನು ಕಂಡು ಅವಳ ಹೆಸರನ್ನಿಟ್ಟನೆಂದು ಶಾಲೆಯ ಮಕ್ಕಳು ತಲೆಮಾರುಗಳ ಕಾಲ ಕಲಿತರು. ಆದರೆ ಆ ಡಿಸೆಂಬರಿನಲ್ಲಿ ಕೊಲಂಬಸನು ತನ್ನ ನಾಲ್ಕನೆಯ ಯಾತ್ರೆಯಲ್ಲಿ, ಬಹುದೂರ ಪಶ್ಚಿಮದಲ್ಲಿ, ಪನಾಮಾದ ಕರಾವಳಿಯ ಬಿರುಗಾಳಿಗೆ ಸಿಕ್ಕಿದ್ದನೆಂಬುದನ್ನು ಆ ಯಾತ್ರೆಯ ವೃತ್ತಾಂತಗಳೇ ತಿಳಿಸುತ್ತವೆ. ನೌಕಾಘಾತಕ್ಕೊಳಗಾದ ಫ್ರೆಂಚ್ ನಾವಿಕರು ಆ ಹೆಸರನ್ನು ಕೊಟ್ಟರೆಂಬ ಇನ್ನೊಂದು ಐತಿಹ್ಯವೂ ಉಂಟು. ಕಥೆ ಬಿದ್ದುಹೋದರೂ ದಿನ ಬಿದ್ದುಹೋಗಲಿಲ್ಲ: ಡಿಸೆಂಬರ್ 13 ಇಂದಿಗೂ ಆ ನಾಡಿನ ರಾಷ್ಟ್ರೀಯ ದಿನ. ರಾಜಧಾನಿ ಕ್ಯಾಸ್ಟ್ರೀಸಿನ ನಡುವೆ ಕೊಲಂಬಸನ ಹೆಸರು ಹೊತ್ತಿದ್ದ ಚೌಕಕ್ಕೆ 1993ರಲ್ಲಿ ವಾಲ್ಕಾಟನ ಹೆಸರಿಟ್ಟರು. ಒಬ್ಬ ನಾವಿಕನ ಸ್ಥಾನಕ್ಕೆ ಒಬ್ಬ ಕವಿಯನ್ನು ತಂದು ಕೂರಿಸಿದ ಈ ನಿರ್ಧಾರ ನನಗೆ ಬಹಳ ಹಿಡಿಸಿದೆ.

ಈ ದ್ವೀಪವನ್ನು ಕುರಿತ ಅತ್ಯಂತ ಹಳೆಯ ಇಂಗ್ಲಿಷ್ ಪುಸ್ತಕ ಹುಟ್ಟಿದ್ದು ಒಂದು ದುರಂತದಿಂದ. ಗಯಾನಾ ತೀರದ ವಸಾಹತಿಗೆ ಹೊರಟಿದ್ದ ಇಂಗ್ಲಿಷ್ ಹಡಗೊಂದು 1605ರಲ್ಲಿ ದಾರಿತಪ್ಪಿ ಇಲ್ಲಿಗೆ ಬಂದು, 67 ಮಂದಿಯನ್ನು ದಡದಲ್ಲಿ ಇಳಿಸಿ ಹೋಯಿತು. ದ್ವೀಪದ ನಿವಾಸಿಗಳಾದ ಕಲಿನಾಗೋ ಜನರು ಮೊದಮೊದಲು ಅವರೊಡನೆ ವ್ಯಾಪಾರ ಮಾಡಿದರು. ಬಳಿಕ ಕಲಹ ಹುಟ್ಟಿತು. ಕೆಲವೇ ವಾರಗಳಲ್ಲಿ ಬಹುಪಾಲು ಜನ ಹತರಾಗಿ, ಬದುಕುಳಿದವರು ಒಂದು ದೋಣಿಯಲ್ಲಿ ಪಲಾಯನ ಮಾಡಿದರು. ಹಾಗೆ ಉಳಿದವರಲ್ಲಿ ಒಬ್ಬನಾದ ಜಾನ್ ನಿಕೋಲ್ ಎಂಬವನು 1607ರಲ್ಲಿ ಲಂಡನ್ನಿನಲ್ಲಿ ಪ್ರಕಟಿಸಿದ ಕಿರುಹೊತ್ತಗೆ ಈ ಪಂಕ್ತಿಯ ಮೊದಲನೆಯ ಗ್ರಂಥ. ಭಯದಲ್ಲಿ ಬರೆದ ಪುಸ್ತಕವೆಂಬುದನ್ನು ಮರೆಯದೆ ಅದನ್ನು ಓದಬೇಕು; ಕಲಿನಾಗೋಗಳ ಪಕ್ಷದ ಮಾತನ್ನು ಬರೆದಿಟ್ಟವರು ಅಂದು ಯಾರೂ ಇರಲಿಲ್ಲ. ಅವರು ಈ ದ್ವೀಪವನ್ನು ಕರೆಯುತ್ತಿದ್ದ ಹೆವನೋರಾ ಎಂಬ ಹೆಸರು ಈಗ ವ್ಯೂ ಫೋರ್ಟಿನ ವಿಮಾನನಿಲ್ದಾಣದ ಮೇಲೆ ಉಳಿದಿದೆ.

ಇನ್ನು ಹೆನ್ರಿ ಬ್ರೀನ್. ಐರ್ಲೆಂಡಿನವನಾದ ಈತನು ದ್ವೀಪದಲ್ಲಿ ಬಹುಕಾಲ ವಾಸವಾಗಿದ್ದು 1844ರಲ್ಲಿ ಹೊರತಂದ ಬೃಹದ್ಗ್ರಂಥವು ಚರಿತ್ರೆ, ಅಂಕಿಅಂಶ, ವರ್ಣನೆ ಈ ಮೂರನ್ನೂ ಒಂದೇ ರಟ್ಟಿನೊಳಗೆ ಅಡಕಮಾಡುವ ಆ ಕಾಲದ ಪದ್ಧತಿಯದು. ದಾಸ್ಯವಿಮೋಚನೆಯ ಕಾನೂನು ಬಂದು ಹತ್ತೇ ವರ್ಷ ಕಳೆದಿದ್ದ, ಕಬ್ಬಿನ ತೋಟಗಳ ಹಳೆಯ ವ್ಯವಸ್ಥೆ ಕುಸಿಯುತ್ತಿದ್ದ ಸಮಾಜವನ್ನು ಕಣ್ಣಾರೆ ಕಂಡು ಬರೆದವನಾದ್ದರಿಂದ ಅವನನ್ನು ಬಿಟ್ಟು ಮುಂದೆ ಹೋಗುವಂತಿಲ್ಲ. ಆದರೆ ಕಂಡದ್ದನ್ನೆಲ್ಲ ಅವನು ಅರಿತನೆಂದು ಹೇಳಲಾಗದು. ಜನರು ಮನೆಯಲ್ಲಿಯೂ ಗದ್ದೆಯಲ್ಲಿಯೂ ಆಡುವ ಕ್ವೇಯೋಲ್ ಭಾಷೆ ಅವನಿಗೆ ಕೆಟ್ಟುಹೋದ ಫ್ರೆಂಚಾಗಿ ಕೇಳಿಸಿತು. ಅಂಥವನೇ ರೋಸ್ ಮತ್ತು ಮಾರ್ಗೆರೀತ್ ಎಂಬ ಎರಡು ಪುಷ್ಪಸಂಘಗಳ ವಿಚಾರವನ್ನು ಬಹಳ ಶ್ರದ್ಧೆಯಿಂದ ಬರೆದಿಟ್ಟಿದ್ದಾನೆ. ದ್ವೀಪದ ಶ್ರಮಜೀವಿಗಳು ಈ ಎರಡು ಹೂವುಗಳ ಪಕ್ಷಗಳಾಗಿ ಸೇರಿ, ತಮ್ಮಲ್ಲಿಯೇ ರಾಜ, ರಾಣಿ, ನ್ಯಾಯಾಧೀಶ, ಸೈನಿಕರನ್ನು ಆರಿಸಿಕೊಂಡು, ವಾರಗಟ್ಟಲೆ ರಾತ್ರಿ ಹಾಡಿನ ಕೂಟಗಳನ್ನು ನಡೆಸಿ, ಆಗಸ್ಟ್ 30ರಂದು ರೋಸಿನವರೂ ಅಕ್ಟೋಬರ್ 17ರಂದು ಮಾರ್ಗೆರೀತಿನವರೂ ಇಗರ್ಜಿಗೆ ಮೆರವಣಿಗೆ ಹೋಗುವರು. ಆಳುವವರು ತಮಗೆ ಕೊಡದ ಪದವಿಗಳನ್ನೆಲ್ಲ ತಾವೇ ಧರಿಸಿ, ವರ್ಷಕ್ಕೊಮ್ಮೆ ಒಂದು ಸಂಪೂರ್ಣ ರಾಜ್ಯವನ್ನು ಕಟ್ಟಿ ನಿಲ್ಲಿಸುವ ಈ ಆಚರಣೆ ಇನ್ನೂ ಜೀವಂತವಾಗಿದೆಯೆಂಬುದನ್ನು ನೆನೆದಾಗ, ಬ್ರೀನನ ಆ ಪುಟಗಳು ಅವನ ಕಾಲದ ಎಲ್ಲ ಅಂಕಿಅಂಶಗಳಿಗಿಂತ ಹೆಚ್ಚು ಬೆಲೆಯುಳ್ಳವೆಂದು ನನಗೆ ತೋರುತ್ತದೆ.

ಬ್ರೀನನ ಅನಂತರ ಒಂದು ಶತಮಾನ ದಾಟಿ, 1956ರಲ್ಲಿ, ಪಾದ್ರಿ ಚಾರ್ಲ್ಸ್ ಜೆಸ್ಸಿಯವರ ಸಂಕ್ಷಿಪ್ತ ಚರಿತ್ರೆ ಬಂದಿತು. ತೆಳುವಾದದ್ದು, ಆದರೆ ತಾರೀಖುಗಳಲ್ಲಿ ಎಚ್ಚರಿಕೆಯುಳ್ಳದ್ದು. ಅದಕ್ಕೆ ಹನ್ನೆರಡು ವರ್ಷಗಳ ಹಿಂದೆ, 1944ರಲ್ಲಿ, ಹದಿನಾಲ್ಕರ ಹುಡುಗನಾಗಿದ್ದ ವಾಲ್ಕಾಟನ ಮೊದಲ ಕವಿತೆ ಸ್ಥಳೀಯ ಪತ್ರಿಕೆಯಲ್ಲಿ ಅಚ್ಚಾದಾಗ, ಅದರಲ್ಲಿ ಧರ್ಮವಿರೋಧವನ್ನು ಕಂಡು ಪದ್ಯರೂಪದಲ್ಲಿಯೇ ಖಂಡಿಸಿದವರೂ ಇವರೇ. ದ್ವೀಪದ ಚರಿತ್ರಕಾರನೂ ದ್ವೀಪದ ಕವಿಯೂ ಹೀಗೆ ಒಂದೇ ಪತ್ರಿಕೆಯ ಅಂಕಣಗಳಲ್ಲಿ ಎದುರುಬದುರಾದರು.

ರಾಬರ್ಟ್ ಡೆವೋ 1997ರಲ್ಲಿ ಪ್ರಕಟಿಸಿದ, ಬ್ರಿಗಂಡರ ಹೋರಾಟವನ್ನು ಕುರಿತ ಗ್ರಂಥದ ಬಳಿ ಮಾತ್ರ ಓದುಗನು ನಿಧಾನಿಸಬೇಕು. ಫ್ರೆಂಚ್ ಗಣರಾಜ್ಯವು 1794ರಲ್ಲಿ ದಾಸ್ಯವನ್ನು ರದ್ದುಗೊಳಿಸಿದಾಗ ಸ್ವಾತಂತ್ರ್ಯವನ್ನು ಕಂಡ ದ್ವೀಪದ ಕರಿಯರು, 1795ರ ಏಪ್ರಿಲಿನಲ್ಲಿ ರಾಬೋ ಎಂಬಲ್ಲಿ ಬ್ರಿಟಿಷ್ ಸೇನೆಯನ್ನು ಸೋಲಿಸಿ, ಜೂನಿನಲ್ಲಿ ಅದು ದ್ವೀಪವನ್ನೇ ತೊರೆದುಹೋಗುವಂತೆ ಮಾಡಿ, ಮರುವರ್ಷ ಬ್ರಿಟಿಷ್ ಸೇನಾಪತಿ ಅಬರ್‌ಕ್ರಾಂಬಿಯ ದೊಡ್ಡ ದಂಡು ಬಂದಿಳಿಯುವವರೆಗೆ ಸ್ವತಂತ್ರರಾಗಿ ಬಾಳಿದರು. ಅದು ಬಂದ ಮೇಲೆಯೂ ಕಾಡುಗಳನ್ನು ಸೇರಿ ಹೋರಾಡಿದರು. ಅವರನ್ನು ಬ್ರಿಗಂಡರು, ಎಂದರೆ ದರೋಡೆಕೋರರು, ಎಂದು ಕರೆದ ದಫ್ತರಗಳನ್ನೇ ತಿರುವಿ, ಅವುಗಳ ಸಾಕ್ಷ್ಯದಿಂದಲೇ ಅವರನ್ನು ಸ್ವಾತಂತ್ರ್ಯವೀರರೆಂದು ಸ್ಥಾಪಿಸಿದುದು ಡೆವೋ ಅವರ ಸಾಧನೆ. ಯೋಲಿನ್ ಹಾರ್ಮ್ಸೆನ್, ಗೈ ಎಲ್ಲಿಸ್ ಇವರೊಡನೆ ಸೇರಿ ಅವರು 2012ರಲ್ಲಿ ಹೊರತಂದ ಸಮಗ್ರ ಚರಿತ್ರೆಯನ್ನು, ಒಂದೇ ಪುಸ್ತಕ ಕೊಳ್ಳಬಲ್ಲವನಿಗೆ ನಾನು ನಿಸ್ಸಂಶಯವಾಗಿ ಸೂಚಿಸುವೆನು. ಭಾರತೀಯ ಓದುಗನಿಗೆ ಇಲ್ಲೊಂದು ಸ್ವಂತದ ಎಳೆಯೂ ಇದೆ: 1859ರ ಮೇ 6ರಂದು ಕಲ್ಕತ್ತದಿಂದ ಪಾಲ್ಮೈರಾ ಎಂಬ ಹಡಗು ಕ್ಯಾಸ್ಟ್ರೀಸ್ ತಲುಪಿತು, ಅಂದಿನಿಂದ 1893ರವರೆಗೆ ಸಾವಿರಾರು ಭಾರತೀಯರು ಕರಾರಿನ ಕೂಲಿಗಳಾಗಿ ಅಲ್ಲಿನ ಕಬ್ಬಿನ ತೋಟಗಳಿಗೆ ಹೋದರು. ಅವರ ಸಂತತಿ ಇಂದು ಆ ಜನತೆಯೊಳಗೆ ಬೆರೆತುಹೋಗಿದೆ.

ಈಗ ಆ ಕನ್ಯೆಯ ವಿಷಯ. ಸಿಸಿಲಿಯ ಸಿರಾಕ್ಯೂಸಿನ ಲೂಸಿಯಾ 304ರ ಸುಮಾರಿನಲ್ಲಿ, ಡಯೋಕ್ಲೀಷಿಯನ್ ಚಕ್ರವರ್ತಿಯ ಹಿಂಸೆಯಲ್ಲಿ, ಮಡಿದಳೆಂದು ಸಂಪ್ರದಾಯ. ಅವಳ ವಿಷಯದಲ್ಲಿ ಅತ್ಯಂತ ಗಟ್ಟಿಯಾದ ಸಾಕ್ಷ್ಯವೆಂದರೆ ಗ್ರಂಥವಲ್ಲ, ಶಿಲೆ. ಪುರಾತತ್ತ್ವಜ್ಞ ಪಾವೊಲೊ ಓರ್ಸಿ 1894ರಲ್ಲಿ ಸಿರಾಕ್ಯೂಸಿನ ಭೂಗತ ಸ್ಮಶಾನದಲ್ಲಿ ಪತ್ತೆಮಾಡಿದ ಒಂದು ಗ್ರೀಕ್ ಶಾಸನವು, ಯೂಸ್ಕಿಯಾ ಎಂಬ ಸ್ತ್ರೀಯು ಲೂಸಿಯಾಳ ಹಬ್ಬದ ದಿನ ತೀರಿಕೊಂಡಳೆಂದು ಅವಳ ಪತಿಯ ದುಃಖದ ನುಡಿಗಳಲ್ಲಿ ತಿಳಿಸುತ್ತದೆ. ನಾಲ್ಕನೆಯ ಶತಮಾನದ ಅಂತ್ಯದ ಅಥವಾ ಐದನೆಯ ಶತಮಾನದ ಆದಿಯ ಆ ಕಲ್ಲನ್ನು ಬಿಟ್ಟರೆ ಮಿಕ್ಕದ್ದೆಲ್ಲ ಭಕ್ತಿಯ ಕೃಷಿ. ಐದನೆಯ ಶತಮಾನದ ವೇಳೆಗೆ ರೂಪುಗೊಂಡ ರಕ್ತಸಾಕ್ಷಿಚರಿತ್ರೆಯಲ್ಲಿ ರೋಗಿಷ್ಠೆಯಾದ ತಾಯಿಯೊಡನೆ ಕಟಾನಿಯಾದ ಸಂತ ಅಗಾತಳ ಸಮಾಧಿಗೆ ಅವಳು ಮಾಡುವ ಯಾತ್ರೆ ಬರುತ್ತದೆ. ತನ್ನ ವಧುಧನವನ್ನು ಬಡವರಿಗೆ ಹಂಚುವುದು, ಕುಪಿತನಾದ ವರನು ನ್ಯಾಯಾಧಿಕಾರಿ ಪಾಸ್ಖಾಸಿಯಸನಲ್ಲಿ ದೂರುವುದು, ಎತ್ತುಗಳನ್ನು ಕಟ್ಟಿ ಎಳೆದರೂ ಅವಳ ದೇಹ ನಿಂತಲ್ಲಿಂದ ಕದಲದಿರುವುದು, ಕಡೆಗೆ ಕೊರಳಿಗೆ ಕತ್ತಿ, ಇವೆಲ್ಲ ಬರುತ್ತವೆ. ಕಣ್ಣುಗಳು ಬರುವುದಿಲ್ಲ! ತಟ್ಟೆಯಲ್ಲಿ ತನ್ನ ಎರಡು ಕಣ್ಣುಗಳನ್ನಿಟ್ಟುಕೊಂಡು ನಿಂತ ಲೂಸಿಯಾ, ಕಣ್ಣುಬೇನೆಯವರ ಕಾಪಾಡುವ ತಾಯಿ, ಮಧ್ಯಯುಗದ ಉತ್ತರಾರ್ಧದ ಸೃಷ್ಟಿ. ಇಂಗ್ಲಿಷ್ ಸಂನ್ಯಾಸಿ ಆಲ್ಡೆಲ್ಮ್ ಕನ್ಯಾವ್ರತವನ್ನು ಕುರಿತು ಲ್ಯಾಟಿನ್ನಿನಲ್ಲಿ ಬರೆದ ಗ್ರಂಥದಿಂದ ಹಿಡಿದು ಹದಿಮೂರನೆಯ ಶತಮಾನದ ‘ಸುವರ್ಣ ಪುರಾಣ’ದವರೆಗೆ ಕ್ರಮವಾಗಿ ಓದುತ್ತ ಬಂದವನಿಗೆ, ಒಂದು ಹೆಸರಿನ ಸುತ್ತ ಒಂದು ಜೀವಚರಿತ್ರೆ ಹೇಗೆ ಬೆಳೆಯುತ್ತದೆಂಬುದು ಪ್ರತ್ಯಕ್ಷವಾಗುತ್ತದೆ. ದಾಂತೆಯು ತನ್ನ ಮಹಾಕಾವ್ಯದ ಮೂರು ಭಾಗಗಳಲ್ಲಿಯೂ ಅವಳಿಗೆ ಸ್ಥಾನವಿತ್ತಿದ್ದಾನೆ. ಕತ್ತಲ ಕಾಡಿನಲ್ಲಿ ದಿಕ್ಕುಗೆಟ್ಟ ಅವನ ಬಳಿಗೆ ನೆರವು ಬರುವಂತೆ ಬಿಯಾತ್ರಿಚೆಯನ್ನು ಪ್ರೇರಿಸುವವಳು ಅವಳೇ. ಕ್ಯಾರವಾಜೊ 1608ರಲ್ಲಿ ಸಿರಾಕ್ಯೂಸಿನಲ್ಲಿ ಬರೆದ ಅವಳ ಸಮಾಧಿಚಿತ್ರವನ್ನೂ ನಾನು ಒಂದು ಗ್ರಂಥವೆಂದೇ ಎಣಿಸುತ್ತೇನೆ: ಅಲ್ಲಿ ಮುಂದೆ ನಿಂತು ನಮ್ಮ ದೃಷ್ಟಿಯನ್ನು ಹಿಡಿಯುವವರು ಗುಂಡಿ ತೋಡುವ ಇಬ್ಬರು ದೃಢಕಾಯರು; ಆಕೆ ನೆಲದ ಮೇಲೆ, ಅವರ ಕಾಲುಗಳ ಹಿಂದೆ.

ಇಷ್ಟನ್ನೂ ಓದಿಕೊಂಡು ವಾಲ್ಕಾಟನ ‘ಓಮೆರೋಸ್’ಗೆ ಬಂದರೆ ಅದು ಬೇರೊಂದು ಆಳವನ್ನು ತೋರುತ್ತದೆ. 1990ರಲ್ಲಿ ಪ್ರಕಟವಾದ ಈ ಕಾವ್ಯದ ಏಳು ಪುಸ್ತಕಗಳಲ್ಲಿ ಅಶೀಲ್, ಹೆಕ್ಟರ್ ಎಂಬ ಬೆಸ್ತರಿದ್ದಾರೆ. ಅವರಿಬ್ಬರ ವೈಮನಸ್ಯಕ್ಕೆ ಕಾರಣಳಾದ ಹೆಲೆನ್ ಎಂಬ ಮನೆಗೆಲಸದ ಹೆಣ್ಣಿದ್ದಾಳೆ. ಏಳು ಸಮುದ್ರಗಳೆಂಬ ಹೆಸರಿನ ಕುರುಡ ಮುದುಕನಿದ್ದಾನೆ. ನಿವೃತ್ತ ಬ್ರಿಟಿಷ್ ಮೇಜರ್ ಪ್ಲಂಕೆಟನು ಹೆಲೆನಳಿಗಾಗಿಯೇ ಎಂಬಂತೆ ದ್ವೀಪದ ಚರಿತ್ರೆಯನ್ನು ಬರೆಯಹೊರಟು, ಪಿಜನ್ ದ್ವೀಪದಲ್ಲಿ ಬೀಡುಬಿಟ್ಟಿದ್ದ ಬ್ರಿಟಿಷ್ ನೌಕಾಧಿಪತಿ ರಾಡ್ನಿ 1782ರ ಏಪ್ರಿಲ್ 12ರಂದು ಗೆದ್ದ ಸೇಂಟ್ಸ್ ಕದನದ ಕಡತಗಳಲ್ಲಿ ಮುಳುಗುತ್ತಾನೆ. ಈ ಪ್ಲಂಕೆಟನಲ್ಲಿ ನಾನು ಬ್ರೀನನ ವಂಶವನ್ನು ಕಾಣುತ್ತೇನೆ. ಅಷ್ಟೇ ಪ್ರೀತಿ, ಅಷ್ಟೇ ದೂರ. ಆದರೆ ಕವಿಯ ಪ್ರಾಮಾಣಿಕತೆ ಎಂಥದೆಂದರೆ, ಚರಿತ್ರೆಯನ್ನು ಹೆಲೆನಳ ಮೇಲೆ ಹೇರಿದ ಮೇಜರನನ್ನು ಪ್ರಶ್ನಿಸಿದ ಉಸಿರಿನಲ್ಲಿಯೇ, ಹೋಮರನನ್ನು ಅವಳ ಮೇಲೆ ಹೇರಿದ ತನ್ನನ್ನೂ ಅವನು ಪ್ರಶ್ನಿಸಿಕೊಳ್ಳುತ್ತಾನೆ. ಇಡೀ ಕಾವ್ಯದಲ್ಲಿ ನನಗೆ ಅತ್ಯಂತ ಪ್ರಿಯವಾದ ಭಾಗದಲ್ಲಿ ಟ್ರಾಯ್ ಇಲ್ಲ, ರಾಡ್ನಿ ಇಲ್ಲ: ತುಕ್ಕುಹಿಡಿದ ಲಂಗರಿನಿಂದಾದ ಫಿಲೋಕ್ತೇತ ಎಂಬ ಬೆಸ್ತನ ಮಾಯದ ಹುಣ್ಣಿಗೆ ಪೂರ್ವಜರ ಸಂಕೋಲೆಯ ಗಾಯವೇ ಮೂಲವೆಂದು ಅವನು ನಂಬಿರುವಾಗ, ಮಾ ಕಿಲ್ಮನ್ ಎಂಬ ಅಂಗಡಿಯ ಹೆಂಗಸು ಭಾನುವಾರದ ಬಲಿಪೂಜೆ ಮುಗಿಸಿ ಕಾಡುಹೊಕ್ಕು, ಇರುವೆಗಳ ಸಾಲನ್ನು ಹಿಡಿದು ಹೋಗಿ, ಆಫ್ರಿಕದಿಂದ ಬಂದ ಒಂದು ಮೂಲಿಕೆಯನ್ನು ಹುಡುಕಿ ತರುತ್ತಾಳೆ.

ವಾಲ್ಕಾಟನ ಬೆನ್ನಿಗೆ ದ್ವೀಪದ ಜನರ ಮಾತನ್ನೂ ಕೇಳಬೇಕಾದವರಿಗೆ ಜೋನ್ಸ್ ಮೊಂಡೆಸಿರ್ ಅವರ ಕ್ವೇಯೋಲ್ ನಿಘಂಟು (1992) ಇದೆ, ಅದೇ ಭಾಷೆಯಲ್ಲಿ 1999ರಲ್ಲಿ ಬಂದ ಹೊಸ ಒಡಂಬಡಿಕೆ ಇದೆ. 1973ರಲ್ಲಿ ಸ್ಥಾಪಿತವಾಗಿ ಹಾಡು, ಕಥೆ, ಆಚರಣೆಗಳನ್ನು ಸಂಗ್ರಹಿಸುತ್ತಿದ್ದ ಅಲ್ಲಿನ ಜಾನಪದ ಸಂಶೋಧನ ಕೇಂದ್ರದ ಕಟ್ಟಡ 2018ರ ಮಾರ್ಚಿನಲ್ಲಿ ಬೆಂಕಿಗೆ ಆಹುತಿಯಾಯಿತು. 1948ರ ಜೂನಿನಲ್ಲಿ ಕ್ಯಾಸ್ಟ್ರೀಸ್ ಪಟ್ಟಣದ ಬಹುಭಾಗವೇ ಸುಟ್ಟುಹೋದುದನ್ನು ಕಂಡ ನಾಡಿಗೆ ಇದು ಇನ್ನೊಂದು ದೊಡ್ಡ ನಷ್ಟ. ಆದುದರಿಂದ ಅಲ್ಲಿನ ಸಂಗ್ರಹದಿಂದ ಹುಟ್ಟಿ ಈಗಾಗಲೇ ಅಚ್ಚಾಗಿರುವ ಯಾವ ಪುಸ್ತಿಕೆ ಕಣ್ಣಿಗೆ ಬಿದ್ದರೂ, ಅದು ಎಷ್ಟೇ ಚಿಕ್ಕದಾಗಿರಲಿ, ಗ್ರಂಥಪ್ರಿಯರು ಕೊಂಡು ಕಾಪಾಡಬೇಕೆಂದು ಪ್ರಾರ್ಥಿಸುತ್ತೇನೆ. ‘ಓಮೆರೋಸ್’ ದೀರ್ಘವೆಂದು ಹಿಂಜರಿಯುವವರು 1976ರ ‘ಸೀ ಗ್ರೇಪ್ಸ್’ ಸಂಗ್ರಹದಲ್ಲಿರುವ ‘ಸೇಂತ್ ಲೂಸಿ’ ಎಂಬ ಕವಿತೆಯಿಂದ ತೊಡಗಲಿ. ಕವಿಯ ಬಾಲ್ಯಮಿತ್ರನೂ ದ್ವೀಪದ ಧ್ವಜವನ್ನು ರೂಪಿಸಿದವನೂ ಆದ ಡನ್‌ಸ್ಟನ್ ಸೇಂಟ್ ಓಮರ್, ರೋಸೋ ಕಣಿವೆಯ ಇಗರ್ಜಿಯ ಪೀಠದ ಹಿಂದೆ ಪವಿತ್ರ ಕುಟುಂಬವನ್ನು ಅದೇ ಕಣಿವೆಯ ಕರಿಯ ಜನರ ರೂಪದಲ್ಲಿ ಚಿತ್ರಿಸಿದ್ದಾನೆ. ಆ ಕವಿತೆಯ ಕೊನೆಯ ಭಾಗ ಆ ಚಿತ್ರವನ್ನು ಕುರಿತದ್ದು.