ಮನೆಯಲ್ಲಿ ಧ್ವನಿಮುದ್ರಣ: ಕಲಿಯುವುದೇನು, ಕಳೆದುಕೊಳ್ಳುವುದೇನು?

1902ರ ನವೆಂಬರ್‌ನಲ್ಲಿ ಕಲ್ಕತ್ತೆಯಲ್ಲಿ ಗೌಹರ್ ಜಾನ್ ಅವರ ಹಾಡನ್ನು ಗ್ರಾಮೊಫೋನ್ ತಟ್ಟೆಗೆ ಮುದ್ರಿಸಲು ಫ್ರೆಡ್ ಗೈಸ್‌ಬರ್ಗ್ ಎಂಬ ತಂತ್ರಜ್ಞ ಯಂತ್ರಸಮೇತ ಕಡಲು ದಾಟಿ ಬರಬೇಕಾಯಿತು. 1950ರಲ್ಲಿ ಧಾರವಾಡದಲ್ಲಿ ಆಕಾಶವಾಣಿ ಕೇಂದ್ರ ಆರಂಭವಾದ ಮೇಲೆ ಈ ಭಾಗದ ಹಾಡುಗಾರರಿಗೆ ಸ್ಟುಡಿಯೊ ಹತ್ತಿರವಾಯಿತು. ಆದರೂ ಹಾಡುವವರೇ ಅಲ್ಲಿಗೆ ಹೋಗಬೇಕಿತ್ತು. ಈಗ ಆ ಪ್ರಯಾಣವೂ ಬೇಕಿಲ್ಲ. ಸವದತ್ತಿ-ಬೈಲಹೊಂಗಲ ಸೀಮೆಯ ಚಚಡಿಯಲ್ಲಿರುವ ವಿದ್ಯಾರ್ಥಿಯೊಬ್ಬ ತನ್ನ ಅಜ್ಜಿಯ ಹಾಡನ್ನು ಮನೆಯಲ್ಲಿಯೇ ಮುದ್ರಿಸಬಹುದು. 2000ದಲ್ಲಿ ಬಿಡುಗಡೆಯಾದ ಆಡಾಸಿಟಿಯಂತಹ ತಂತ್ರಾಂಶ ಉಚಿತವಾಗಿ ಸಿಗುತ್ತದೆ. ಇದು ಸಣ್ಣ ಸಾಧನೆಯಲ್ಲ.

ಈ ವಿದ್ಯೆಯನ್ನು ಕಲಿಸುವ ಪಾಠಗಳಿಗೂ ಕೊರತೆಯಿಲ್ಲ. ಅವುಗಳ ಕ್ರಮ ಮಾತ್ರ ಬಹುಮಟ್ಟಿಗೆ ಒಂದೇ. ಮೊದಲು ಮೈಕ್ ಕೊಳ್ಳಿ, ತಂತ್ರಾಂಶ ಹಾಕಿಕೊಳ್ಳಿ, ಮುದ್ರಿಸಿ. ಆಮೇಲೆ ಗದ್ದಲ ತೆಗೆಯಿರಿ, ಶ್ರುತಿ ತಿದ್ದಿ, ಸಭಾಂಗಣದ ಅನುರಣನ ಸೇರಿಸಿ, ಕೊನೆಗೆ ಎಲ್ಲವನ್ನೂ ಗಟ್ಟಿಯಾಗಿಸಿ. ಈ ಕ್ರಮ ಸರಿಯೆ? ಚೌಡಿಕೆ ಪದ, ಭಜನೆ, ಸಣ್ಣಾಟಗಳ ನಾಡಿಗೆ ಇದು ಹೊಂದುತ್ತದೆಯೆ? ಒಂದೊಂದಾಗಿ ಪರಿಶೀಲಿಸೋಣ.

ಮೊದಲ ಪಾಠ ಕೋಣೆಯದು

ಪಾಠಗಳಲ್ಲಿ ಮೈಕಿಗೆ ಹತ್ತು ಪುಟವಾದರೆ ಕೋಣೆಗೆ ಒಂದು ಸಾಲು. ಭೌತವಿಜ್ಞಾನ ಹೇಳುವುದು ಇದಕ್ಕೆ ವಿರುದ್ಧ. ಹಾರ್ವರ್ಡ್ ವಿಶ್ವವಿದ್ಯಾಲಯದ ವ್ಯಾಲೇಸ್ ಸ್ಯಾಬೈನ್ 19ನೆಯ ಶತಮಾನದ ಕೊನೆಯಲ್ಲಿ, ಮಾತು ಸ್ಪಷ್ಟವಾಗಿ ಕೇಳಿಸದ ಒಂದು ಉಪನ್ಯಾಸ ಕೊಠಡಿಯನ್ನು ಸರಿಪಡಿಸಲು ಹೊರಟು ಒಂದು ಸರಳ ಸೂತ್ರ ಕಂಡುಕೊಂಡರು. ಕೋಣೆಯ ಘನಗಾತ್ರವನ್ನು 0.161ರಿಂದ ಗುಣಿಸಿ, ಕೋಣೆಯ ಒಟ್ಟು ಧ್ವನಿಹೀರಿಕೆಯಿಂದ ಭಾಗಿಸಿದರೆ ಅನುರಣನದ ಕಾಲ ಸಿಗುತ್ತದೆ. ಅಂದರೆ ಶಬ್ದ ನಿಂತ ಮೇಲೆ ಅದರ ಮಟ್ಟ 60 ಡೆಸಿಬೆಲ್ ಇಳಿಯಲು ಹಿಡಿಯುವ ಸಮಯ.

4 ಮೀಟರ್ ಉದ್ದ, 3 ಮೀಟರ್ ಅಗಲ, 3 ಮೀಟರ್ ಎತ್ತರದ ಖಾಲಿ ಕೋಣೆಯೊಂದನ್ನು ತೆಗೆದುಕೊಳ್ಳಿ. ಘನಗಾತ್ರ 36 ಘನ ಮೀಟರ್. ಗೋಡೆ, ನೆಲ, ಚಾವಣಿ ಸೇರಿ 66 ಚದರ ಮೀಟರ್. ಗಿಲಾವು ಮಾಡಿದ ಗೋಡೆ, ಕಲ್ಲಿನ ನೆಲಗಳು ತಮ್ಮ ಮೇಲೆ ಬಿದ್ದ ಧ್ವನಿಯಲ್ಲಿ ನೂರಕ್ಕೆ ಮೂರು ಪಾಲು ಹೀರುತ್ತವೆ ಎಂದುಕೊಂಡರೆ ಅನುರಣನ ಕಾಲ ಸುಮಾರು 2.9 ಸೆಕೆಂಡು. ಒಂದು ಪದ ಮುಗಿಯುವ ಮೊದಲೇ ಹಿಂದಿನ ಪದ ಅದರ ಮೇಲೆ ಏರಿ ಕೂರುತ್ತದೆ. ಈಗ ಮನೆಯ ಕೌದಿಗಳನ್ನು ತೆಗೆದು 10 ಚದರ ಮೀಟರಿನಷ್ಟು ಗೋಡೆಗೆ ತೂಗುಹಾಕಿ. ದಪ್ಪ ಕೌದಿ ಅರ್ಧದಷ್ಟು ಧ್ವನಿಯನ್ನು ಹೀರಿದರೆ ಅನುರಣನ ಕಾಲ 0.9 ಸೆಕೆಂಡಿಗೆ ಇಳಿಯುತ್ತದೆ. ಸಣ್ಣ ಕೋಣೆಗೆ ಈ ಸೂತ್ರ ಅಂದಾಜು ಮಾತ್ರ. ಕೌದಿ ಕಡಿಮೆ ಆವೃತ್ತಿಯ ಧ್ವನಿಯನ್ನು ಅಷ್ಟಾಗಿ ಹೀರುವುದೂ ಇಲ್ಲ. ಆದರೂ ಇದರಿಂದ ಆಗುವ ಸುಧಾರಣೆ ದುಬಾರಿ ಮೈಕಿನಿಂದ ಆಗದು.

ಮೈಕನ್ನು ಎಷ್ಟು ದೂರದಲ್ಲಿಡಬೇಕು ಎಂಬುದಕ್ಕೂ ಇಲ್ಲಿಯೇ ಉತ್ತರವಿದೆ. ಮೇಲಿನ ಖಾಲಿ ಕೋಣೆಯಲ್ಲಿ ಬಾಯಿಯಿಂದ ಸುಮಾರು 20 ಸೆಂಟಿಮೀಟರ್ ಆಚೆ ನೇರ ಧ್ವನಿಗಿಂತ ಗೋಡೆಯಿಂದ ಮರಳಿದ ಧ್ವನಿಯೇ ಹೆಚ್ಚು. ಕೌದಿ ಕಟ್ಟಿದ ಕೋಣೆಯಲ್ಲಿ ಈ ಗಡಿ 37 ಸೆಂಟಿಮೀಟರಿಗೆ ಸರಿಯುತ್ತದೆ. ಒಮ್ಮೆ ಬೆರೆತ ಅನುರಣನವನ್ನು ತಂತ್ರಾಂಶದಿಂದ ಪೂರ್ತಿಯಾಗಿ ಬೇರ್ಪಡಿಸಲು ಬಾರದು. ಹಾಲಿಗೆ ಬೆರೆತ ನೀರಿನಂತೆ ಅದು.

ಗಟ್ಟಿಯಾಗಿ ಮುದ್ರಿಸುವ ಗೀಳು

ಧ್ವನಿಯ ಮಟ್ಟ ತೋರಿಸುವ ಪಟ್ಟಿ ತುದಿ ಮುಟ್ಟಿದರೇ ಮುದ್ರಣ ಚೆನ್ನಾಗಿದೆ ಎಂಬ ನಂಬಿಕೆ ಟೇಪ್ ಕಾಲದ್ದು. ಟೇಪಿಗೆ ತನ್ನದೇ ಆದ ಸುಯ್ಯೆಂಬ ಸದ್ದಿತ್ತು; ಅದರಿಂದ ಮೇಲೆ ಉಳಿಯಲು ಗಟ್ಟಿಯಾಗಿ ಮುದ್ರಿಸುತ್ತಿದ್ದರು. ಅಂಕೀಯ ಮುದ್ರಣದ ಲೆಕ್ಕ ಬೇರೆ. 16 ಬಿಟ್‌ನಲ್ಲಿ 65,536 ಮೆಟ್ಟಿಲುಗಳಿವೆ. ಅತಿ ಗಟ್ಟಿ ಮತ್ತು ಅತಿ ಮೆಲು ಧ್ವನಿಗಳ ನಡುವೆ ಸುಮಾರು 96 ಡೆಸಿಬೆಲ್ ಅವಕಾಶ. ಅತಿ ಗಟ್ಟಿ ದನಿಯನ್ನೂ ತುದಿಗಿಂತ 12 ಡೆಸಿಬೆಲ್ ಕೆಳಗೆ ಇಟ್ಟರೆ ಇನ್ನೂ 84 ಉಳಿಯುತ್ತದೆ. ಊರ ಮನೆಯೊಂದರಲ್ಲಿ ಹತ್ತಿರದ ಹಾಡಿಗೂ ಹಿನ್ನೆಲೆಯ ಸದ್ದಿಗೂ ಇರುವ ಅಂತರ ಇದರ ಅರ್ಧದಷ್ಟೂ ಇರುವುದು ಕಷ್ಟ. ಆದ್ದರಿಂದ ತಗ್ಗಿಸಿ ಮುದ್ರಿಸಿದರೆ ನಷ್ಟವೇನೂ ಇಲ್ಲ. ತುದಿ ಮೀರಿದರೆ ಅಲೆಯ ತಲೆ ಕತ್ತರಿಸಿಹೋಗುತ್ತದೆ. ಆ ತಲೆ ಹೇಗಿತ್ತೆಂದು ಆಮೇಲೆ ಊಹಿಸಬಹುದೇ ಹೊರತು ತಿಳಿಯಲಾಗದು.

ಶ್ರುತಿ ತಿದ್ದುವ ಯಂತ್ರ ಯಾರ ಸ್ವರ ಬಲ್ಲದು?

ಇನ್ನು ಮುಖ್ಯ ಆಕ್ಷೇಪಕ್ಕೆ ಬರೋಣ. 1997ರಲ್ಲಿ ಆಟೋ-ಟ್ಯೂನ್ ತಂತ್ರಾಂಶ ಹೊರತಂದ ಆಂಡಿ ಹಿಲ್ಡೆಬ್ರಾಂಡ್ ಮೊದಲು ಭೂಗರ್ಭದಲ್ಲಿ ತೈಲ ಹುಡುಕುವ ಕಂಪನಿಗಳಿಗೆ ಕಂಪನದ ಅಲೆಗಳನ್ನು ವಿಶ್ಲೇಷಿಸುತ್ತಿದ್ದವರು. ಒಂದು ಅಲೆಯನ್ನು ತುಸು ಸರಿಸಿ ಅದರೊಂದಿಗೇ ಹೋಲಿಸಿದರೆ ಅದು ಎಷ್ಟು ಹೊತ್ತಿಗೊಮ್ಮೆ ಮರುಕಳಿಸುತ್ತದೆಂದು ತಿಳಿಯುತ್ತದೆ. ಆ ವಿಧಾನವನ್ನೇ ಅವರು ಕಂಠಕ್ಕೆ ಅನ್ವಯಿಸಿದರು. ಇದು ಮೆಚ್ಚಬೇಕಾದ ವಿಜ್ಞಾನ.

ಆದರೆ ಆವೃತ್ತಿ ಅಳೆದ ಮೇಲೆ ಯಂತ್ರ ಅದನ್ನು ಎಲ್ಲಿಗೆ ಎಳೆಯುತ್ತದೆ? ಬೇರೇನೂ ಹೇಳದಿದ್ದರೆ ಪಿಯಾನೊದ 12 ಸಮಭಾಗಗಳಲ್ಲಿ ಹತ್ತಿರದ್ದಕ್ಕೆ. ಅಲ್ಲಿ 220 ಹರ್ಟ್ಸ್ ಆದ ಮೇಲಿನ ಮೆಟ್ಟಿಲು 233 ಹರ್ಟ್ಸ್. ನಡುವೆ ಇರುವುದೆಲ್ಲ ತಪ್ಪು.

ಸವದತ್ತಿಯ ಯಲ್ಲಮ್ಮನ ಗುಡ್ಡದಲ್ಲಿ ಜೋಗತಿಯರು ನುಡಿಸುವ ಚೌಡಿಕೆಯನ್ನು ನೋಡಿ. ಟೊಳ್ಳು ಮರದ ಕೊಳವೆ, ಒಂದು ಬದಿಗೆ ಚರ್ಮ, ಚರ್ಮದಿಂದ ಹೊರಟ ಒಂದೇ ತಂತಿ. ನುಡಿಸುವವರು ತಂತಿಯ ಬಿಗಿತವನ್ನು ಏರಿಳಿಸುತ್ತಲೇ ಮೀಟುತ್ತಾರೆ. ತಂತಿಯ ಆವೃತ್ತಿ ಬಿಗಿತದ ವರ್ಗಮೂಲಕ್ಕೆ ಅನುಪಾತದಲ್ಲಿರುತ್ತದೆ. ಬಿಗಿತ ನಾಲ್ಕು ಪಟ್ಟಾದರೆ ಆವೃತ್ತಿ ಎರಡು ಪಟ್ಟು. ಬಿಗಿತ ಏರುವುದು ಮೆಟ್ಟಿಲಾಗಿ ಅಲ್ಲ, ಇಳಿಜಾರಾಗಿ. ಹೀಗಾಗಿ ಚೌಡಿಕೆಯ ಜೀವವೇ 220 ಮತ್ತು 233ರ ನಡುವಿನ ಆ ಜಾರುವಿಕೆ. ಯಂತ್ರ ತಪ್ಪೆಂದು ತಿದ್ದುವುದು ಇದನ್ನೇ. ಜೊತೆಗೆ ಹಾಡುವವರ ಕಂಠವೂ ಇದೇ ಇಳಿಜಾರಿನಲ್ಲಿ ಸಾಗುತ್ತದೆ. ತಿದ್ದುವ ವೇಗ ತಗ್ಗಿಸಬಹುದು, ಸ್ವರಪಟ್ಟಿ ಬದಲಿಸಬಹುದು ಎಂಬುದು ನಿಜ. ಆದರೆ ಯಾವ ಪಟ್ಟಿ ಎಂದು ನಿರ್ಧರಿಸಲು ಮೊದಲು ಹಾಡನ್ನು ಬಲ್ಲ ಕಿವಿ ಬೇಕು. ಪಾಠಗಳು ಬಿಟ್ಟಿರುವುದು ಆ ಕಿವಿಯ ತರಬೇತಿಯನ್ನು.

ತಾಳದ ಕಥೆಯೂ ಇಷ್ಟೆ. ಬೇರೆ ಬೇರೆಯಾಗಿ ಮುದ್ರಿಸಿದ ವಾದ್ಯಗಳನ್ನು ಜೋಡಿಸಲು ಗಡಿಯಾರದಂತೆ ಟಿಕ್ ಟಿಕ್ ಎನ್ನುವ ಸದ್ದು ಉಪಯುಕ್ತ. ಆದರೆ ಭಜನೆ ನಿಧಾನವಾಗಿ ಶುರುವಾಗಿ, ಕೂಡಿದವರ ಹುರುಪಿನೊಂದಿಗೆ ವೇಗ ಪಡೆಯುತ್ತದೆ. ಬದಲಾಗದ ಟಿಕ್ ಟಿಕ್ಕಿಗೆ ಕಟ್ಟಿಹಾಕಿದರೆ ಅದು ಏರುವುದೆಲ್ಲಿಗೆ? ಗದ್ದಲ ತೆಗೆಯುವ ಸಾಧನವೂ ಹಾಗೆಯೇ. ಫ್ಯಾನಿನ ಏಕತಾನದ ಸದ್ದಿಗೆ ಅದು ಒಳ್ಳೆಯ ಮದ್ದು. ಹೆಚ್ಚು ಬಳಸಿದರೆ ತಾಳದ ಕೊನೆಯ ಝೇಂಕಾರ, ಹಾಡುವವರ ಉಸಿರು ಎರಡೂ ಅದರೊಂದಿಗೆ ಹೋಗುತ್ತವೆ.

ಮೂಲ ಉಳಿಯಲಿ

ಹಿಂದೆ ಗ್ರಾಮೊಫೋನ್ ತಟ್ಟೆಯ ಒಂದು ಮಗ್ಗುಲಿಗೆ ಸುಮಾರು ಮೂರು ನಿಮಿಷವಷ್ಟೇ ಹಿಡಿಸುತ್ತಿತ್ತು. ಗಾಯಕರು ರಾಗವನ್ನು ಅಷ್ಟಕ್ಕೇ ಒಗ್ಗಿಸಿದರು. ಆ ಮಿತಿ ಎಲ್ಲರಿಗೂ ಕಾಣುತ್ತಿತ್ತು. ಇಂದಿನ ಮಿತಿಗಳು ತಂತ್ರಾಂಶದ ಒಳಗೆ ಅಡಗಿವೆ, ‘ಸುಧಾರಣೆ’ ಎಂಬ ಹೆಸರಿನಲ್ಲಿ ಬರುತ್ತವೆ. ಅದಕ್ಕಾಗಿ ಹೆಚ್ಚಿನ ಎಚ್ಚರ ಬೇಕು.

ಪೇಟೆಯ ಗೀತೆಯೊಂದು ಕೆಟ್ಟರೆ ಮತ್ತೆ ಹಾಡಿಸಬಹುದು. ವಯಸ್ಸಾದ ಅಜ್ಜಿಯೊಬ್ಬಳು ಮಾತ್ರ ಬಲ್ಲ ಪದಕ್ಕೆ ಆ ಅವಕಾಶ ಇಲ್ಲದೆ ಹೋಗಬಹುದು. ಮಗನೊ ಮೊಮ್ಮಗಳೊ ಮನೆಯಲ್ಲಿ ಮಾಡಿದ ಮುದ್ರಣವೇ ಆಗ ಏಕೈಕ ದಾಖಲೆ. ತಿದ್ದಿದ ಪ್ರತಿ ಉಳಿಸಿ ಮೂಲವನ್ನು ಅಳಿಸಿದರೆ, ಮುಂದೆ ಅಭ್ಯಾಸ ಮಾಡುವವರಿಗೆ ಸಿಗುವುದು ಯಂತ್ರದ ಸ್ವರ, ಅಜ್ಜಿಯದಲ್ಲ. ಮೂಲ ಇಡಲು ಜಾಗವಿಲ್ಲ ಎಂಬ ನೆಪವೂ ಈಗ ನಿಲ್ಲದು. ಸೆಕೆಂಡಿಗೆ 44,100 ಮಾದರಿ, 16 ಬಿಟ್, ಒಂದೇ ಮೈಕ್ ಎಂದಾದರೆ ಒಂದು ಗಂಟೆಯ ಹಾಡಿಗೆ ಸುಮಾರು 318 ಮೆಗಾಬೈಟ್ ಸಾಕು.

ಹಾಗಾದರೆ ಪಾಠದ ಕ್ರಮ ಹೇಗಿರಬೇಕು? ಮೊದಲು ಕೇಳುವುದು, ನಂತರ ಕೋಣೆ, ಆಮೇಲೆ ಮೈಕಿನ ದೂರ ಮತ್ತು ಮಟ್ಟ. ತಂತ್ರಾಂಶದ ಸರದಿ ಕೊನೆಯದು. ಅದೂ ಮೂಲದ ಪ್ರತಿಯೊಂದನ್ನು ಮುಟ್ಟದೆ ತೆಗೆದಿಟ್ಟ ಮೇಲೆ. ಹಾಡಿದವರ ಒಪ್ಪಿಗೆ ಪಡೆದು, ಅವರ ಹೆಸರು, ಊರು, ದಿನಾಂಕಗಳನ್ನು ಬರೆದಿಡುವುದೂ ಪಾಠದ ಭಾಗವಾಗಲಿ. ಸಿ.ವಿ. ರಾಮನ್ ಅವರು ತಬಲಾ, ಮೃದಂಗಗಳ ಸ್ವರ ಇತರ ಚರ್ಮವಾದ್ಯಗಳಂತೆ ಏಕಿಲ್ಲ ಎಂದು ಕೇಳಿ, 1920ರಲ್ಲಿಯೇ ಪ್ರಬಂಧ ಪ್ರಕಟಿಸಿದರು. ಆ ಸಂಶೋಧನೆ ಮೊದಲಾದದ್ದು ವಾದ್ಯವನ್ನು ಗೌರವದಿಂದ ಆಲಿಸಿದ್ದರಿಂದ.

ಶಿಕ್ಷಕರು ಇದನ್ನು ತರಗತಿಯಲ್ಲಿಯೇ ಆರಂಭಿಸಬಹುದು. ಖಾಲಿ ಕೊಠಡಿಯಲ್ಲಿ ಒಮ್ಮೆ, ಕೌದಿ ಕಟ್ಟಿ ಒಮ್ಮೆ, ಬಯಲಿನ ಮರದ ಕೆಳಗೆ ಒಮ್ಮೆ ಚಪ್ಪಾಳೆ ತಟ್ಟಿಸಿ, ಮೊಬೈಲಿನಲ್ಲಿ ಮುದ್ರಿಸಿ, ಅಲೆಯ ಚಿತ್ರ ಹೋಲಿಸಿ. ಚಪ್ಪಾಳೆಯ ಬಾಲ ಎಲ್ಲಿ ಉದ್ದ, ಎಲ್ಲಿ ಗಿಡ್ಡ ಎಂದು ಮಕ್ಕಳೇ ಅಳೆಯಲಿ. ಆ ಬಾಲವನ್ನು ಕಿವಿಯಿಂದಲೂ ಗುರುತಿಸಬಲ್ಲ ವಿದ್ಯಾರ್ಥಿಗೆ ಅಜ್ಜಿಯ ಪದವನ್ನು ಒಪ್ಪಿಸಬಹುದು.