ನಿಂತ ಯಂತ್ರವೂ ನಮ್ಮ ಸಾಹಿತ್ಯವೂ

1980ರ ಡಿಸೆಂಬರ್ ಕೊನೆಯಲ್ಲಿ ಬೆಂಗಳೂರಿನಲ್ಲೊಂದು ದೊಡ್ಡ ಮುಷ್ಕರ ಆರಂಭವಾಯಿತು. ಎಚ್.ಎ.ಎಲ್., ಐ.ಟಿ.ಐ., ಬಿ.ಇ.ಎಲ್., ಎಚ್.ಎಂ.ಟಿ., ಬಿ.ಇ.ಎಂ.ಎಲ್. ಎಂಬ ಸಾರ್ವಜನಿಕ ರಂಗದ ಐದು ಸಂಸ್ಥೆಗಳ ಲಕ್ಷಕ್ಕೂ ಮೇಲ್ಪಟ್ಟ ನೌಕರರು 77 ದಿನ ಕೆಲಸ ನಿಲ್ಲಿಸಿದರು. ಬಿ.ಎಚ್.ಇ.ಎಲ್. ನೌಕರರಿಗೆ ಸರಿಸಮನಾದ ವೇತನ ತಮಗೂ ಬೇಕೆಂಬುದು ಅವರ ಮುಖ್ಯ ಬೇಡಿಕೆ. 1981ರ ಮಾರ್ಚ್‌ನಲ್ಲಿ, ಅದು ಈಡೇರದೆಯೇ, ಅವರು ಯಂತ್ರಗಳ ಬಳಿಗೆ ಮರಳಿದರು. ಇಂಥ ಘಟನೆಗೆ ನಮ್ಮ ಕಥೆ ಕಾದಂಬರಿಗಳಲ್ಲಿ ದೊರೆತ ಸ್ಥಳವೆಷ್ಟು? ನಾನು ಓದಿದ ಮಟ್ಟಿಗೆ, ತೀರ ಸ್ವಲ್ಪ.

ನಮ್ಮ ಲೇಖಕರಿಗೆ ದುಡಿಯುವವರ ಮೇಲೆ ಅನುಕಂಪವಿಲ್ಲವೆಂದಲ್ಲ. ನಿರಂಜನರ ‘ಚಿರಸ್ಮರಣೆ’ (1955) ಕಯ್ಯೂರಿನ ರೈತರ ಹೋರಾಟವನ್ನು ಕನ್ನಡಿಗರ ನೆನಪಿನಲ್ಲಿ ನಿಲ್ಲಿಸಿತು. 1979ರಲ್ಲಿ ಬಂಡಾಯ ಸಾಹಿತ್ಯ ಸಂಘಟನೆ ಬೆಂಗಳೂರಿನಲ್ಲಿಯೇ ಸಮ್ಮೇಳನ ನಡೆಸಿತ್ತು. ಆದರೆ ನಮ್ಮ ಅನುಕಂಪವು ಹಸಿದವನನ್ನು ಗುರುತಿಸಿದಷ್ಟು ಬೇಗ ಕುಶಲಿಯನ್ನು ಗುರುತಿಸದು. ಬೆಂಗಳೂರಿನ ಮುಷ್ಕರಗಾರನು ತಿಂಗಳ ಸಂಬಳ, ಭವಿಷ್ಯನಿಧಿ ಉಳ್ಳವನು. ‘ಇವನಿಗೇನು ಕಡಿಮೆ?’ ಎಂಬ ಪ್ರಶ್ನೆ ಮಧ್ಯಮವರ್ಗದ ನಮ್ಮ ಬಾಯಿಗೆ ಸುಲಭವಾಗಿ ಬರುತ್ತದೆ. ಅವನು ಕೇಳಿದ್ದು ದಯೆಯನ್ನಲ್ಲ, ತನ್ನ ಕೈಗೆಲಸದ ಬೆಲೆಯನ್ನು. ಒಂದು ಕಾಲಕ್ಕೆ ನಮ್ಮ ಮನೆಮನೆಗಳಲ್ಲಿದ್ದ ಎಚ್.ಎಂ.ಟಿ. ಗಡಿಯಾರವನ್ನು ನೆನೆದರೆ ಸಾಕು. ಅದರ ಹಲ್ಲುಗಾಲಿ ಕೂದಲೆಳೆಯಷ್ಟು ತಪ್ಪಿದರೂ ಹೊತ್ತು ತಪ್ಪುತ್ತಿತ್ತು.

ಇಂಥ ಕೈಗಳ ಬಗೆಗೆ ಹೇಳಲು ಕನ್ನಡದಲ್ಲಿ ಮಾತಿಲ್ಲವೆ? ನಾನು ಪಾಠ ಹೇಳುವ ದೇವರ ಹಿಪ್ಪರಗಿಯು ಮಡಿವಾಳ ಮಾಚಿದೇವರ ಹುಟ್ಟೂರು. ಬಟ್ಟೆ ಮಡಿ ಮಾಡಿದ ಮಾಚಿದೇವ, ದೋಣಿ ನಡೆಸಿದ ಅಂಬಿಗರ ಚೌಡಯ್ಯ, ಸೀರೆ ನೇಯ್ದ ಜೇಡರ ದಾಸಿಮಯ್ಯ, ಇವರಾರೂ ಕಸುಬನ್ನು ಬಾಗಿಲ ಹೊರಗಿಟ್ಟು ವಚನಕಾರರಾದವರಲ್ಲ. ಮಗ್ಗ, ದೋಣಿಗಳು ನಮ್ಮ ಕಾವ್ಯದ ಮಾತಾದುವು. ಟರ್ನರನ ಲೇತಿಗೂ ಫಿಟ್ಟರನ ಅರಕ್ಕೂ ಆ ಗೌರವ ಏಕೆ ಸಲ್ಲಲಿಲ್ಲ?

ಆ ಕಾರ್ಖಾನೆಗಳಲ್ಲಿ ತಮಿಳು, ತೆಲುಗು, ಮಲೆಯಾಳಗಳೂ ನಡೆಯುತ್ತಿದ್ದುವು, ಕನ್ನಡ ಕಾದಂಬರಿ ಅಲ್ಲಿಂದ ಹುಟ್ಟುವುದೆಂತು ಎಂಬ ಆಕ್ಷೇಪ ಬರಬಹುದು. ನಾನು ಒಪ್ಪಲಾರೆ. ಕಯ್ಯೂರಿನ ರೈತರ ಮಾತೂ ಮಲೆಯಾಳವೇ ಆಗಿತ್ತು.

ಮುಷ್ಕರ ಸರಿಯೋ ತಪ್ಪೋ ಎಂಬುದು ಬೇರೆ ಚರ್ಚೆ. ಕೆಲಸ ಬಲ್ಲವನು ಕೈಕಟ್ಟಿ ಕುಳಿತಾಗ ಮನೆಯ ಒಲೆ ಹೇಗೆ ಉರಿಯಿತು, ಸಾಲ ಯಾರು ಕೊಟ್ಟರು, ತಾನಿಲ್ಲದೆ ನಿಂತ ಯಂತ್ರದ ಮೇಲೆ ಅವನಿಗೆ ಮರುಕ ಹುಟ್ಟಿತೆ, ಇವನ್ನು ವರದಿ ಹೇಳಲಾರದು, ಕಾದಂಬರಿ ಹೇಳಬಲ್ಲುದು. ಅಂದಿನ ತರುಣರು ಈಗ ವೃದ್ಧರು. ಹೋಗಿ ಕೇಳಬೇಕೆನ್ನುವ ಲೇಖಕನಿಗೆ ಇನ್ನು ಹೆಚ್ಚು ಕಾಲವಿಲ್ಲ.