‘ರಾಕ್ಷಸ-ತಂಗಡಿ’ ನಾಟಕವೂ ತಾಳಿಕೋಟೆಯ ನೆನಪೂ

1565ನೆಯ ಇಸವಿಯ ಜನವರಿ 23ರಂದು ಕೃಷ್ಣಾತೀರದಲ್ಲಿ ವಿಜಯನಗರದ ಬಲವು ಮುರಿದು ಬಿದ್ದಿತು. ಇತಿಹಾಸಕಾರರು ಆ ಕಾಳಗಕ್ಕೆ ತಾಳಿಕೋಟೆಯ ಹೆಸರನ್ನಿಟ್ಟರು. ಆದರೆ ತಾಳಿಕೋಟೆಯು ಸುಲ್ತಾನರ ದಂಡುಗಳು ಬಂದು ಕೂಡಿದ ನೆಲೆಯೇ ಹೊರತು ಕಾದಿದ ಕಣವಲ್ಲ. ಗಿರೀಶ ಕಾರ್ನಾಡರು 2018ರಲ್ಲಿ ಹೊರತಂದ ತಮ್ಮ ನಾಟಕಕ್ಕೆ ರಕ್ಕಸಗಿ-ತಂಗಡಗಿಗಳ ಹೆಸರನ್ನೇ ಆಯ್ದುಕೊಂಡದ್ದು ಉಚಿತವಾಗಿರುವದು.

ಈ ಯುದ್ಧವನ್ನು ಎರಡು ಮತಗಳ ಹೋರಾಟವೆಂದು ಬಣ್ಣಿಸುವ ವಾಡಿಕೆಯುಂಟು. ಸಂಗತಿಗಳು ಬೇರೆ ಮಾತನ್ನೇ ಹೇಳುವವು. ಅಳಿಯ ರಾಮರಾಯನು ತಾರುಣ್ಯದಲ್ಲಿ ಗೋಲಕೊಂಡದ ಸೇವೆಯಲ್ಲಿದ್ದವನು. ಗೋಲಕೊಂಡದ ಇಬ್ರಾಹಿಂ ಕುತುಬಶಹನು ಪಟ್ಟಕ್ಕೆ ಬರುವ ಮೊದಲು ಏಳು ವರ್ಷ ವಿಜಯನಗರದ ಆಶ್ರಯದಲ್ಲಿದ್ದನು. ರಾಮರಾಯನಿಗೆ ಪುತ್ರಶೋಕವೊದಗಿದಾಗ ವಿಜಾಪುರದ ಅಲಿ ಆದಿಲಶಹನು ತಾನೇ ಬಂದು ಸಂತೈಸಲು, ರಾಮರಾಯನ ಮಡದಿಯು ಅವನನ್ನು ಮಗನೆಂದು ಸ್ವೀಕರಿಸಿದಳೆಂದು ಫೆರಿಸ್ತನು ಬರೆದಿರುವನು. ವಿಜಯನಗರದ ದಂಡಿನಲ್ಲಿ ಮುಸಲ್ಮಾನ ಯೋಧರಿದ್ದರು. ಆದಿಲಶಾಹಿಯ ದಂಡಿನಲ್ಲಿ ಮರಾಠಾ ಸವಾರರಿದ್ದರು. ಹೀಗಿರಲು ಇದು ಹೊರಗಿನವರ ದಾಳಿಯಲ್ಲ, ದಖ್ಖಣದ ಮನೆಯೊಳಗಿನ ಕಲಹ.

ನಾಟಕದ ಮೇಲ್ಮೆಯು ಇದನ್ನು ಕಂಡುದರಲ್ಲಿಯೇ ಇದೆ. ರಾಜ್ಯವಾಳಿದರೂ ರಾಜನಾಗದ ರಾಮರಾಯನ ಮನದ ಕೊರತೆ, ಚಾಲುಕ್ಯರ ಕಲ್ಯಾಣದ ಮೇಲಿನ ಅವನ ಹಂಬಲ, ಒಬ್ಬ ಸುಲ್ತಾನನನ್ನು ಮತ್ತೊಬ್ಬನ ಮೇಲೆ ಎತ್ತಿಕಟ್ಟಿದ ಅವನ ರಾಜನೀತಿ, ಇವೇ ಅವನ ಕೊರಳಿಗೆ ಉರುಲಾದವು. ದುರಂತವು ವೈರದಿಂದಲ್ಲ, ಸಲಿಗೆಯು ಕೆಟ್ಟದ್ದರಿಂದ ಒದಗಿತೆಂಬ ಭಾವವು ಓದುಗರ ಎದೆಯಲ್ಲಿ ನಿಲ್ಲುವದು.

ಆದರೆ ಕೊರತೆಯೊಂದುಂಟು. 1964ರ ‘ತುಘಲಕ್’ದಲ್ಲಿ ಇದೇ ನಾಟಕಕಾರರು ಅಜೀಜನೆಂಬ ಅಗಸನನ್ನು ಸುಲ್ತಾನನ ಎದುರಿಗೆ ನಿಲ್ಲಿಸಿ ಆಳ್ವಿಕೆಯನ್ನು ಕೆಳಗಿನಿಂದ ತೋರಿಸಿದ್ದರು. ಅಂತಹ ಸ್ಥಾನವು ಇಲ್ಲಿ ಸಾಮಾನ್ಯನಿಗೆ ದೊರೆತಿಲ್ಲ. ಎರಡು ಹಳ್ಳಿಗಳು ನಾಟಕಕ್ಕೆ ಹೆಸರನ್ನು ಕೊಟ್ಟವು. ಆ ಹಳ್ಳಿಗಳ ಒಕ್ಕಲಿಗನ ಬಾಯಿಗೆ ಮಾತು ಬರಲಿಲ್ಲ.

ಅಷ್ಟಾದರೂ ಮುದ್ದೇಬಿಹಾಳ, ಸಿಂದಗಿ, ಇಂಡಿ, ಬಾಗೇವಾಡಿಗಳ ಮನೆಮನೆಯಲ್ಲಿ ಈ ಕೃತಿಯು ಓದತಕ್ಕದ್ದಾಗಿದೆ. ವಿಜಾಪುರದ ಕೋಟೆಯ ಬುರುಜಿನ ಮೇಲೆ ಮಲಿಕ-ಇ-ಮೈದಾನ ತೋಪನ್ನು ನೋಡಿದವರು ಅದರ ತೂಕವನ್ನು ಹೊಗಳಿ ಹಿಂದಿರುಗುವರು. ಅದನ್ನು 1549ರಲ್ಲಿ ಎರಕ ಹೊಯ್ದದ್ದು ವಿಜಾಪುರದಲ್ಲಲ್ಲ, ಅದರ ಪ್ರತಿಸ್ಪರ್ಧಿಯಾದ ಅಹಮ್ಮದನಗರದಲ್ಲಿ. ತೋಪು ಯಾರದು, ಬಾಯಿ ಯಾರ ಕಡೆಗೆ ಎಂಬುದು ಕಾಲಕಾಲಕ್ಕೆ ಬದಲಾಯಿತು. ಪರಾಕ್ರಮದ ಕುರುಹನ್ನು ಕಾಯುವದರೊಡನೆ ಈ ಮಾತನ್ನೂ ನೆನೆಯಬೇಕೆಂಬುದನ್ನು ಈ ನಾಟಕವು ಕಲಿಸುವದು.